ಎಣಿಸದ ಕಾಕಾ

ಹೋದ ವಾರ ನಮ್ಮ ವ್ಯಾನಿನ ಹಿಂದಿನ ಬಾಗಿಲು ತೆಗೆದಾಗ ನೆನೆದ ಉಣ್ಣೆಯ ವಾಸನೆ ಮುಖಕ್ಕೆ ಬಡಿಯಿತು. ಹಿಂದಿನ ದಿನ ಮಳೆಯಲ್ಲಿ ಸಿಕ್ಕಿಹಾಕಿಕೊಂಡಿದ್ದ ಡ್ರೈವರ್ ತನ್ನ ಕಂಬಳಿಯನ್ನು ಹಸಿಹಸಿಯಾಗಿಯೇ ಸುತ್ತಿ ಸೀಟಿನ ಕೆಳಗೆ ತುರುಕಿದ್ದ. ಪ್ರವಾಸಿಗರು ಬರುವ ಹೊತ್ತು. ಬೇರೆ ದಿನವಾಗಿದ್ದರೆ ಅವನಿಗೆ ನಾಲ್ಕು ಮಾತು ಅಂದೇಬಿಡುತ್ತಿದ್ದೆ. ನನ್ನ ಬಾಯಿಯ ಖ್ಯಾತಿ ಬಾದಾಮಿ ಬಸ್ ಸ್ಟ್ಯಾಂಡಿನವರೆಗೂ ಇದೆ. ಅಂದು ಮಾತ್ರ ಸುಮ್ಮನೆ ಬಾಗಿಲು ಹಿಡಿದು ನಿಂತುಬಿಟ್ಟೆ. ಆ ವಾಸನೆಯ ಜೊತೆ ಕಾಕಾ ಬಂದಿದ್ದರು...

ಕಾಕಾ ನನ್ನ ಬಂಧುವಲ್ಲ. ಬಾದಾಮಿಯ ಗುಡ್ಡದಲ್ಲಿ ಕುರಿ ಕಾಯುತ್ತಿದ್ದವರು. ನಾನು ಇಳಕಲ್ಲಿನ ನೇಕಾರರ ಮನೆಯ ಮಗಳು. ನಮ್ಮ ಮನೆಯಲ್ಲಿ ಮಕ್ಕಳಿಗೆ ಅಕ್ಷರಕ್ಕಿಂತ ಮೊದಲು ಎಣಿಕೆ ಬರುತ್ತದೆ. ಸೆರಗಿನ ರೇಷ್ಮೆ ಎಳೆಯನ್ನು ಸೀರೆಯ ಒಡಲಿನ ಎಳೆಗೆ ಒಂದೊಂದಾಗಿ ಕೊಂಡಿ ಹಾಕಿ ಜೋಡಿಸಬೇಕು. ಒಂದೇ ಒಂದು ತಪ್ಪಿದರೂ ಅವ್ವ ಅಷ್ಟನ್ನೂ ಬಿಚ್ಚಿಸುತ್ತಿದ್ದಳು. ಹಾಗೆ ಬೆಳೆದ ನಾನು ಕಾಲೇಜಿನಲ್ಲಿ ಇಂಗ್ಲಿಷ್ ಓದಿ, ಮಗ್ಗದ ಮನೆ ಬಿಟ್ಟು, ಬಾದಾಮಿಗೆ ಬಂದು ಗೈಡ್ ಆದೆ. ಎಣಿಕೆಯಲ್ಲಿ ನನ್ನನ್ನು ಯಾರೂ ತಪ್ಪು ಹಿಡಿಯಲಾರರು ಎಂಬ ಜಂಬವೂ ನನ್ನ ಜೊತೆಗೇ ಬಂದಿತ್ತು.

ಗೈಡ್ ಆಗಿ ಮೂರನೇ ವರ್ಷವಿರಬೇಕು. ಗೋವಾದ ಬಂದರಿಗೆ ಬರುವ ಪ್ರವಾಸಿ ಹಡಗೊಂದರಿಂದ ಎಂಟು ಜನರ ಗುಂಪು ಬಾದಾಮಿಗೆ ಬರುತ್ತದೆ ಎಂದು ಅಲ್ಲಿನ ಸಣ್ಣ ಟ್ರಾವೆಲ್ ಆಫೀಸಿನವರು ಫೋನ್ ಮಾಡಿದರು. ಮೊದಲ ದಿನ ವ್ಯಾನಿನಲ್ಲಿ ಬಂದು ಉಳಿಯುವುದು, ಮರುದಿನ ಬೆಳಿಗ್ಗೆಯಿಂದ ಸುತ್ತಾಟ, ಮಧ್ಯಾಹ್ನ ಮೂರಕ್ಕೆ ವಾಪಸು. ರಾತ್ರಿ ಹಡಗು ಹೊರಟುಬಿಡುತ್ತದೆ. ತಡವಾದವರು ದಂಡೆಯ ಮೇಲೆಯೇ ಉಳಿಯಬೇಕು. ಇನ್ನೊಂದು ಷರತ್ತೂ ಇತ್ತು. ಗುಡಿ ಬೇಡ, ಮೇಣಬಸದಿಯ ಗುಹೆಗಳು ಬೇಡ, ರಾಜರ ಕಥೆ ಬೇಡವೇ ಬೇಡ. ಕಲ್ಲು, ನೀರು, ಹಕ್ಕಿ ತೋರಿಸಿದರೆ ಸಾಕು. ಇದು ಸರಿಹೋದರೆ ಹಡಗು ಬಂದಾಗಲೆಲ್ಲ ಕೆಲಸ ನಿಮಗೇ, ಕೆಟ್ಟರೆ ಇದೇ ಮೊದಲು ಇದೇ ಕೊನೆ ಎಂದು ಮುಚ್ಚುಮರೆಯಿಲ್ಲದೆ ಹೇಳಿದರು.

ನಾನು ಬಾಯಿಪಾಠ ಮಾಡಿಟ್ಟಿದ್ದ ರಾಜರೆಲ್ಲ ಒಂದೇ ಏಟಿಗೆ ರಜೆಯ ಮೇಲೆ ಹೋದರು. ಉಳಿದ ಗೈಡುಗಳಿಗಂತೂ ನಗಲು ಒಂದು ವಾರಕ್ಕಾಗುವಷ್ಟು ಸರಕು ಸಿಕ್ಕಿತು. “ಬಾದಾಮಿಗೆ ಹಡಗ ಬರ್ತೈತಂತ! ಅಗಸ್ತ್ಯ ತೀರ್ಥದಾಗ ನಿಲ್ಲಸ್ತೀರೇನ್ರಿ ಮೇಡಮ್ಮಾರ?” ಎಂದು ಚಹಾದಂಗಡಿಯಲ್ಲಿ ಕೂತು ಕೇಳಿದರು. ಅವರಿಗೂ ಗುಡ್ಡದ ಕಲ್ಲಿನ ಬಗ್ಗೆ ನನಗಿಂತ ಹೆಚ್ಚೇನೂ ಗೊತ್ತಿರಲಿಲ್ಲ ಅನ್ನುವುದು ಬೇರೆ ಮಾತು.

ಗೊತ್ತಿದ್ದವರು ಕಾಕಾ. ಅಗಸ್ತ್ಯ ತೀರ್ಥದ ಕೆರೆಯ ದಂಡೆಯಲ್ಲಿ ದಿನವೂ ಅವರನ್ನು ನೋಡುತ್ತಿದ್ದೆ. ಹೆಗಲ ಮೇಲೆ ಕರಿ ಕಂಬಳಿ, ಕೈಯಲ್ಲಿ ಕೋಲು, ತಲೆಗೆ ಬಣ್ಣ ಮಾಸಿದ ರುಮಾಲು. ವಿಷಯ ಹೇಳಿದಾಗ ಅವರು ಕೇಳಿದ್ದು ಒಂದೇ ಪ್ರಶ್ನೆ.

“ಅವ್ರು ಗುಡ್ಡಕ್ಕ ಯಾಕ ಬರ್ತಾರ?”

“ನೋಡಾಕ್ರಿ ಕಾಕಾ.”

“ಬರೇ ನೋಡಾಕ?”

ಅವರಿಗೆ ಅದು ಬಹಳ ಹಿಡಿಸಿತು. ಗುಡ್ಡಕ್ಕೆ ಜನ ಕಟ್ಟಿಗೆಗೆ ಬರುತ್ತಿದ್ದರು, ಮೇವಿಗೆ ಬರುತ್ತಿದ್ದರು, ದೇವರಿಗೆ ಬರುತ್ತಿದ್ದರು. ಬರೀ ನೋಡುವುದಕ್ಕೆಂದು ಸಮುದ್ರ ದಾಟಿ ಬರುವವರೂ ಇದ್ದಾರೆಂದರೆ ತಮ್ಮ ಗುಡ್ಡದ ಬೆಲೆ ಯಾರಿಗೋ ತಿಳಿದಿದೆ ಎಂದಾಯಿತು. ತಮ್ಮ ಕುಲದೇವರು ಬೀರಪ್ಪನ ಹೆಸರು ಹೇಳಿ ಹೂಂ ಅಂದರು. ಆ ಒಂದು ದಿನದ ಮಟ್ಟಿಗೆ ಕುರಿಗಳನ್ನು ತಮ್ಮನಿಗೆ ಒಪ್ಪಿಸಿ ಬಂದರು.

ಅದು ಅಕ್ಟೋಬರ್, ಚಿತ್ತಿ ಮಳೆಯ ಕಾಲ. ಬೆಳಿಗ್ಗೆ ಆಕಾಶ ತಿಳಿಯಾಗಿಯೇ ಇತ್ತು. ಎಂಟು ಜನ ಟೋಪಿ ಹಾಕಿಕೊಂಡು ಸಿದ್ಧರಾಗಿದ್ದರು. ಕಾಕಾ ಮುಂದೆ ನಡೆಯಲಿ ಎಂದು ನಾನು ದಾರಿ ಬಿಟ್ಟೆ, ಅವರು ಅಲುಗಲಿಲ್ಲ. ಹಿಂಡಿನಲ್ಲಿ ಮುಂದೆ ನಡೆಯುವುದು ಆಡಿನ ಕೆಲಸವಂತೆ, ಕಾಯುವವನ ಜಾಗ ಹಿಂದೆ.

“ನೀನಽ ಆಡು. ಮುಂದ ನಡಿ. ಹೆಂಗೂ ಮಾತಾಡಾಕ ಹುಟ್ಟಿದಾಕಿ, ಆ ಹೆಸರು ನಿನಗ ಒಪ್ಪತೈತಿ,” ಎಂದರು.

ಅಂದಿನಿಂದ ಅವರ ಬಾಯಲ್ಲಿ ನನ್ನ ಹೆಸರು ಆಡು ಎಂದೇ ಉಳಿಯಿತು. ಹೊರಡುವ ಮೊದಲು ನಾನು ಬೆರಳು ಮಾಡಿ ಒಂದು, ಎರಡು ಎಂದು ಜನರನ್ನು ಎಣಿಸಿದ್ದು ಮಾತ್ರ ಅವರಿಗೆ ಸೇರಲಿಲ್ಲ. ಮುಖ ಆ ಕಡೆ ತಿರುಗಿಸಿದರು.

“ಎಣಿಸಬಾರದು ಯವ್ವಾ. ಜೀವ ಇದ್ದದ್ದು ಎಣಿಸಿದ್ರ ಕಡಿಮಿ ಆಗತೈತಿ.”

“ಎಣಿಸ್ಲಿಲ್ಲಂದ್ರ ಒಂದು ತಪ್ಪಿಸಿಕೊಂಡಿದ್ದು ಹೆಂಗ ಗೊತ್ತಾಗತೈತ್ರಿ?”

“ಉಣ್ಣಾಕ ಕುಂತಾಗ ನಿಮ್ಮವ್ವ ಮಕ್ಕಳನ್ನ ಎಣಿಸ್ತಾಳೇನು?”

ಹಳೆಯ ಕಾಲದವರು, ಹೋಗಲಿ ಎಂದುಕೊಂಡು ಅಲ್ಲಿಂದ ಮುಂದೆ ಅವರ ಕಣ್ಣು ತಪ್ಪಿಸಿ ಎಣಿಸತೊಡಗಿದೆ.

ಆ ಬೆಳಗು ಎಷ್ಟು ಚೆನ್ನಾಗಿತ್ತೆಂದರೆ... ಅಕ್ಕ-ತಂಗಿ ಜಲಪಾತದ ಎರಡು ಎಳೆಗಳೂ ಇಳಿಯುತ್ತಿದ್ದವು. ಬಂಡೆಯ ಹೊಟ್ಟೆಗೆ ಅಂಟಿಕೊಂಡಿದ್ದ ಹೆಜ್ಜೇನು, ಕಲ್ಲಿನದೇ ಬಣ್ಣದ ಓತಿಕ್ಯಾತ, ಕಣ್ಣಿಗೆ ಬೀಳುವ ಮೊದಲೇ ಕಿವಿಗೆ ಬೀಳುವ ಹಕ್ಕಿ, ಎಲ್ಲವನ್ನೂ ಕಾಕಾ ಹಿಂದಿನಿಂದಲೇ ಕೋಲು ಚಾಚಿ ತೋರಿಸುತ್ತಿದ್ದರು. ಸಿಡಿಲಫಡಿ ಎಂಬ ಕಲ್ಲಾಸರೆಗೆ ಹೋಗುವ ದಾರಿಯಲ್ಲಿ ಒಂದು ಚಪ್ಪಟೆ ಬಂಡೆಯ ಮುಂದೆ ಎಲ್ಲರನ್ನೂ ನಿಲ್ಲಿಸಿದರು. ಅದರ ಮೈತುಂಬ ಸಣ್ಣ ಸಣ್ಣ ಅಲೆಗಳ ಗುರುತು. “ನೀರಿನ ಹೆಜ್ಜಿ,” ಎಂದರು. “ಇಲ್ಲೆ ಒಂದು ಕಾಲಕ್ಕ ನೀರು ಅಡ್ಡಾಡೇತಿ. ಹೋಗೇತಿ, ಹೆಜ್ಜಿ ಬಿಟ್ಟೇತಿ.” ನಾನು ಅದನ್ನು ಇಂಗ್ಲಿಷಿನಲ್ಲಿ ಹೇಳಿದಾಗ ಎಂಟೂ ಜನ ಬಗ್ಗಿ ಬಂಡೆಯ ಹತ್ತಿರಕ್ಕೆ ಮುಖ ತಂದರು. ಸಮುದ್ರವನ್ನು ಒಮ್ಮೆಯೂ ನೋಡದ ಮನುಷ್ಯ ಹಡಗಿನಿಂದ ಬಂದವರಿಗೆ ಅಲೆ ತೋರಿಸಿದ್ದರು. ನನಗೆ ಆಗ ಆದ ಹೆಮ್ಮೆ ನನ್ನ ಮನೆಯವರೇ ಯಾರೋ ಗೆದ್ದಾಗ ಆಗುವಂಥದ್ದು.

ಗುಂಪಿನಲ್ಲಿ ಎಪ್ಪತ್ತು ದಾಟಿದ ಒಬ್ಬ ಹೆಂಗಸಿದ್ದರು. ಕೋಲು ಊರಿಕೊಂಡು ನಿಧಾನವಾಗಿ ಎಲ್ಲರಿಗಿಂತ ಹಿಂದೆ ಬರುತ್ತಿದ್ದರು, ಅಂದರೆ ಕಾಕಾನ ಜೊತೆಗೆ. ಇವರಿಗೆ ಅವರ ಭಾಷೆ ಬಾರದು, ಅವರಿಗೆ ಇವರದು ಬಾರದು. ಆದರೂ ಇಬ್ಬರ ಮಾತುಕತೆ ನಿಂತದ್ದನ್ನು ನಾನು ಕಾಣೆ. ಕಾಕಾ ಎಂಟೂ ಜನರಿಗೆ ಆಗಲೇ ಹೆಸರಿಟ್ಟಿದ್ದರು. ಮೂಗಿಗೆ ಬಿಳಿ ಹಚ್ಚಿಕೊಂಡವ, ಕನ್ನಡಕ ಹಾಕಿದವ ಚಾಳೀಸಿನ ಅಣ್ಣ, ಹೀಗೆ. ಈಕೆ ಕೋಲಿನ ಅವ್ವ. ಅಲೆಯ ಬಂಡೆಯನ್ನು ಬಿಟ್ಟು ಬರಲು ಕೋಲಿನ ಅವ್ವನಿಗೆ ಮನಸ್ಸೇ ಇರಲಿಲ್ಲ. ಕೂತು ಅದರ ಮೇಲೆ ಕೈಯಾಡಿಸುತ್ತಿದ್ದರು.

ಅಲ್ಲಿ ತಪ್ಪಿದವಳು ನಾನು. ಮುಂದಿದ್ದವರು ಒಂದು ಗಿಡದ ಬಗ್ಗೆ ಏನೋ ಕೇಳಿದರು, ನನಗೆ ಗೊತ್ತಾಗಲಿಲ್ಲ. “ಕಾಕಾ, ಸ್ವಲ್ಪ ಮುಂದ ಬರ್ರಿ!” ಎಂದು ಕೂಗಿದೆ. ಅವರು ಹಿಂದೆ ಒಮ್ಮೆ, ಮುಂದೆ ಒಮ್ಮೆ ನೋಡಿದರು. ನಾನು ಇನ್ನೊಮ್ಮೆ ಕೂಗಿದೆ. ನನ್ನ ಮಾತಿಗೆ ಬೆಲೆ ಕೊಟ್ಟು ಬಂದರು. ಅಷ್ಟರಲ್ಲಿ ಮಳೆ ಹೇಳದೆ ಕೇಳದೆ ಸುರಿಯಿತು. ಎಲ್ಲರೂ ಸಿಡಿಲಫಡಿಯ ದೊಡ್ಡ ಕಲ್ಲಿನ ಚಾಚಿನ ಕೆಳಗೆ ಓಡಿದೆವು.

ಒಳಗೆ ಮಬ್ಬುಗತ್ತಲೆ. ಮಳೆಯಂಗಿ ಹಾಕಿಕೊಂಡ ತಲೆಗಳನ್ನು ಎಣಿಸಿದೆ. ಎಂಟು. ಉಸಿರು ಬಿಟ್ಟೆ. ಕಾಕಾ ಮಾತ್ರ ಒಬ್ಬೊಬ್ಬರ ಮುಖವನ್ನೂ ನೋಡುತ್ತಾ ಬಂದು ನನ್ನ ಮುಂದೆ ನಿಂತರು.

“ಕೋಲಿನ ಅವ್ವ ಎಲ್ಲಿ?”

“ಎಂಟೂ ಮಂದಿ ಅದಾರ್ರಿ ಕಾಕಾ. ಈಗಷ್ಟ ಎಣಿಸೇನಿ.”

“ಎಂಟ ಮಂದಿ ಇರಲಿ. ಆಕಿ ಇಲ್ಲ.”

ನಿಜ ಹೇಳಬೇಕೆಂದರೆ ಮೊದಲು ನನಗೆ ಸಿಟ್ಟು ಬಂತು. ಎಳೆ ಎಣಿಸಿ ಬೆಳೆದವಳಿಗೆ ಎಂಟರ ಲೆಕ್ಕ ಹೇಳಿಕೊಡುತ್ತಾರಲ್ಲ ಎಂದು. ಮತ್ತೆ ಎಣಿಸಿದೆ, ಮತ್ತೆ ಎಂಟು. ಆಗ ಮೂಲೆಯ ಮಳೆಯಂಗಿಯೊಂದು ನನ್ನ ಕಡೆ ತಿರುಗಿ ನಕ್ಕಿತು. ಯಾರೋ ಬೇರೆ ಪ್ರವಾಸಿ, ಒಬ್ಬನೇ ಅಲೆಯುತ್ತಾ ಬಂದವನು, ಮಳೆಗೆ ಅಲ್ಲಿ ನಿಂತಿದ್ದ. ನನ್ನ ಎಂಟು ತುಂಬಿಸಿದವನು ಅವನು. ಹೊರಗೆ ನಾವು ದಾಟಿ ಬಂದಿದ್ದ ಕೊರಕಲಿನಲ್ಲಿ ಕೆಂಪು ನೀರು ಏರುತ್ತಿತ್ತು. ಗಂಟೆ ಹನ್ನೆರಡು ದಾಟಿತ್ತು.

ನಾನು ಓಡಲು ಹೊರಟೆ. ಕಾಕಾ ಕೋಲು ಅಡ್ಡ ಹಿಡಿದರು. “ಆಡು ಓಡಿದ್ರ ಎಲ್ಲಾರೂ ಓಡ್ತಾರ. ನೀ ಇಲ್ಲೆ ನಿಂದ್ರು,” ಎಂದವರೇ ಕಂಬಳಿಯನ್ನು ತಲೆಯ ಮೇಲೆ ಎಳೆದುಕೊಂಡು ಮಳೆಯೊಳಗೆ ಹೋದರು.

ಎಷ್ಟು ಹೊತ್ತಾಯಿತೋ... ಆ ಏಳು ಜನರ ಮುಂದೆ ನಿಂತು ನಾನು ಏನು ಮಾತಾಡಿದೆ ಎಂಬುದು ಈಗ ಒಂದಕ್ಷರವೂ ನೆನಪಿಲ್ಲ. ಕೊನೆಗೆ ಮಳೆಯ ಪರದೆಯ ಆಚೆ ಕಪ್ಪಗೆ ಏನೋ ಅಲುಗಿತು. ಕಾಕಾ ಬರುತ್ತಿದ್ದರು, ಬೆನ್ನ ಮೇಲೆ ಕಂಬಳಿಯಲ್ಲಿ ಸುತ್ತಿದ ಕೋಲಿನ ಅವ್ವ. ಎಳೆಯ ಮರಿಯನ್ನು ಹೊತ್ತು ತರುವಂತೆ ತಂದು ಇಳಿಸಿದರು. ಆಕೆ ಅಲೆಯ ಬಂಡೆಯಿಂದ ಎದ್ದು ಬರುವಾಗ ಜಾರಿ ಕೊರಕಲಿಗೆ ಬಿದ್ದಿದ್ದರಂತೆ. ಕಾಲು ಉಳುಕಿತ್ತು, ಕೂಗಿದ್ದು ನೀರಿನ ಸದ್ದಿನಲ್ಲಿ ಯಾರಿಗೂ ಕೇಳಿರಲಿಲ್ಲ. ಕಾಕಾ ಹೋದಾಗ ನೀರು ಸೊಂಟಕ್ಕೆ ಬಂದಿತ್ತು.

ಮಳೆ ನಿಂತ ಮೇಲೆ ಕೆಳಗಿನವರೆಗೂ ಅವರೇ ಹೊತ್ತು ತಂದರು. ವ್ಯಾನು ಹತ್ತುವ ಮೊದಲು ನಾನು ಆಕೆಗೆ, ತಪ್ಪು ನನ್ನದು, ನಾನು ಎಣಿಸಿದ್ದು ತಪ್ಪಿತು, ಇವರು ಎಣಿಸದೆಯೇ ಕಂಡುಹಿಡಿದರು ಎಂದು ಇದ್ದದ್ದನ್ನು ಇದ್ದಂತೆ ಹೇಳಿದೆ. ಕೆಲಸ ಹೋದರೆ ಹೋಗಲಿ ಅನ್ನಿಸಿತ್ತು. ಎಣಿಸದೆ ಹೇಗೆ ಗೊತ್ತಾಯಿತು, ಕೇಳಿ ಹೇಳು ಎಂದರು ಆಕೆ. ಕೇಳಿದೆ. ಕಾಕಾನಿಗೆ ಪ್ರಶ್ನೆಯೇ ಅರ್ಥವಾಗಲಿಲ್ಲ.

“ಮುಂಜಾನಿಂದ ಆಕಿ ಜೋಡಿನಽ ನಡದೇನಿ. ಆಕಿ ಇಲ್ಲಂದ್ರ ನನಗ ಗೊತ್ತಾಗೂದಿಲ್ಲೇನು?”

ಮರುದಿನ ಗೋವಾದಿಂದ ಫೋನ್ ಬಂತು. ಹಡಗಿನ ಏಣಿ ಎತ್ತುವ ಹತ್ತು ನಿಮಿಷ ಮೊದಲು ಎಂಟೂ ಜನ ಹತ್ತಿದ್ದರು. ಬೈಗುಳಕ್ಕೆ ಸಿದ್ಧಳಾಗಿ ಕಿವಿಗೊಟ್ಟು ಕೂತಿದ್ದೆ. ಅವರು ಹೇಳಿದ್ದು ಇಷ್ಟು: ಕೋಲಿನ ಅವ್ವ ನಡೆದದ್ದನ್ನು ಹಡಗಿನವರಿಗೆಲ್ಲ ಹೇಳಿದ್ದಾರೆ, ಮುಂದಿನ ಹಡಗಿಗೆ ಆರು ಜನ ಇದ್ದಾರೆ, ಹಿಂದೆ ನಡೆಯುವ ಆ ಮನುಷ್ಯ ಬಂದರೆ ಮಾತ್ರ ಬರುತ್ತಾರಂತೆ. ಚಹಾದಂಗಡಿಗೆ ಹೋಗಿ ಇದನ್ನು ಎಲ್ಲರಿಗೂ ಕೇಳುವಂತೆ ಹೇಳಿದೆ. ಎರಡು ಸಲ ಹೇಳಿದೆ.

ಆಮೇಲೆ ಎಷ್ಟೋ ವರ್ಷ ನಾವು ಹಾಗೆಯೇ ನಡೆದೆವು, ನಾನು ಮುಂದೆ, ಕಾಕಾ ಹಿಂದೆ. ಮಂಡಿ ಹಿಡಿದ ಮೇಲೆ ಅವರು ಬರುವುದು ನಿಂತಿತು. ತೀರಿಕೊಂಡ ಸುದ್ದಿ ಬಂದಾಗ ನಾನು ಏಳು ಜನರೊಂದಿಗೆ ಗುಡ್ಡದ ಮೇಲಿದ್ದೆ. ಸಂಜೆಗೆ ಮಣ್ಣು ಎಂದರು. ಆ ಏಳು ಜನರನ್ನು ಬಿಟ್ಟು ಇಳಿಯಲಿಲ್ಲ. ಎಲ್ಲರನ್ನೂ ವ್ಯಾನು ಹತ್ತಿಸಿ, ಪಟ್ಟದಕಲ್ಲಿನ ರಸ್ತೆಯಲ್ಲಿರುವ ಕಾಕಾನ ಊರು ಮುಟ್ಟುವಷ್ಟರಲ್ಲಿ ಎಲ್ಲ ಮುಗಿದು ಜನ ಕೈಕಾಲು ತೊಳೆದುಕೊಳ್ಳುತ್ತಿದ್ದರು. ಕೊನೆಯ ಸಲ ಮುಖ ನೋಡಲಾಗಲಿಲ್ಲ ಎಂದು ಅವರ ಹೆಂಡತಿ ಕಾಕೂನ ಮುಂದೆ ಕೂತು ಅತ್ತುಬಿಟ್ಟೆ. ಆಕೆ ನನ್ನ ತಲೆ ನೇವರಿಸಿದಳು. “ಮಂದೀನ ಗುಡ್ಡದಾಗ ಬಿಟ್ಟ ಬಂದಿದ್ದಿ ಅಂದ್ರ ಅವ್ರು ನಿನ್ನ ಮಾತಾಡಸ್ತಿರಲಿಲ್ಲವಾ,” ಎಂದಳು.

ಈಗ ಹೊಸ ಗೈಡುಗಳಿಗೆ ಗುಡ್ಡದ ದಾರಿ ತೋರಿಸುವ ಕೆಲಸ ನನ್ನದು. ಅವರ ಮೊಬೈಲಿನಲ್ಲಿ ಪಟ್ಟಿಯಿದೆ, ಪ್ರತಿ ನಿಲ್ದಾಣದಲ್ಲೂ ಎಣಿಸಿ ಗುರುತು ಹಾಕುತ್ತಾರೆ. ಎಣಿಸಲಿ, ನಾನು ಬೇಡ ಅನ್ನುವುದಿಲ್ಲ. ಯಾರ ಹತ್ತಿರ ಕಲಿತಿರಿ ಎಂದು ಕೇಳಿದವರಿಗೆಲ್ಲ, ಬಾದಾಮಿಯ ಗುಡ್ಡದಲ್ಲಿ ಕುರಿ ಕಾಯುತ್ತಿದ್ದವರ ಹತ್ತಿರ ಎಂದು ತಲೆಯೆತ್ತಿ ಹೇಳುತ್ತೇನೆ. ಹೋದ ವಾರ, ಆ ಕಂಬಳಿಯ ವಾಸನೆ ಬಂದ ದಿನವೂ, ಹೊಸ ಗೈಡ್ ಹುಡುಗಿಯೊಬ್ಬಳನ್ನು ಮುಂದೆ ಬಿಟ್ಟು ನಾನು ಹಿಂದೆ ನಡೆದೆ. ಕೊರಕಲಿನ ಹತ್ತಿರ, ಕಾಕಾ ಬರುತ್ತಿದ್ದಾರೇನೋ ಎಂಬಂತೆ, ಒಮ್ಮೆ ತಿರುಗಿ ನೋಡಿದೆ. ನನ್ನ ಹಿಂದೆ ಯಾರೂ ಇರಲಿಲ್ಲ.