ಇನ್ನೊಬ್ಬನ ಕಿವಿಯಲ್ಲಿ ನನ್ನ ಫುಟ್‌ಬಾಲ್

ಇಟಲಿಯ ಫುಟ್‌ಬಾಲ್ ಬಗ್ಗೆ ಬರೆದು ಬದುಕುತ್ತೇನೆ ಎಂದರೆ ಮಂಗಳೂರಿನ ನಮ್ಮ ನೆಂಟರು ಈಗಲೂ ನಗುತ್ತಾರೆ. ನಗಲಿ. ಕುವೈತಿನಲ್ಲಿ ಪಕ್ಕದ ಫ್ಲ್ಯಾಟಿನ ಇಟಲಿಯ ಕುಟುಂಬದ ಟೀವಿ ಮುಂದೆ ಬೆಳೆದವಳು ನಾನು. ಭಾಷೆ, ಆಟ ಎರಡೂ ಒಟ್ಟಿಗೇ ತಲೆಗೆ ಹತ್ತಿದವು. ಮದುವೆಯಾಗಿ ಪರ್ತ್‌ನ ಎಲೆನ್‌ಬ್ರೂಕ್‌ಗೆ ಬಂದಾಗ ಒಂದು ಸಣ್ಣ ರೇಡಿಯೊಗೆ ಪಂದ್ಯಗಳ ವರದಿ ಬರೆದೆ. ಗಂಡನಿಗೆ ಬ್ರಿಸ್ಬೇನ್‌ನಲ್ಲಿ ಕೆಲಸವಾದ ಮೇಲೆ ಅಲ್ಲಿನ ಕ್ಯಾಲಮ್‌ವೇಲ್‌ನ ಅಡುಗೆಮನೆಯಲ್ಲಿ ಕೂತು ಮತ್ತೊಂದು ರೇಡಿಯೊಗೆ ಬರೆದೆ. ಎರಡೂ ಕಡೆ ಒಂದೇ ಮಾತು: ಬರವಣಿಗೆ ಚೆನ್ನಾಗಿದೆ, ಮೈಕಿನ ಮುಂದೆ ಕೂರಲು ಬೇರೆಯವರಿದ್ದಾರೆ.

ಅಡಿಲೇಡ್‌ನ ಒಂದು ಇಂಟರ್‌ನೆಟ್ ಚಾನೆಲ್ ಕರೆದಾಗ, ಈ ಸಲವಾದರೂ ಕ್ಯಾಮೆರಾ ಮುಂದಿನ ಕುರ್ಚಿ ಸಿಗುತ್ತದೆಂದು ಇಡೀ ಸಂಸಾರವನ್ನು ಎಬ್ಬಿಸಿಕೊಂಡು ಹೋದೆ. ಕುರ್ಚಿಯಲ್ಲಿ ಆಗಲೇ ಒಬ್ಬನಿದ್ದ. ಅವನ ಅಜ್ಜ ನೇಪಲ್ಸ್‌ನವನು. ಮೊಮ್ಮಗನಿಗೆ ಅಜ್ಜನಿಂದ ಬಂದದ್ದು ಮೂಗು ಮತ್ತು ಮನೆತನದ ಹೆಸರು ಮಾತ್ರ. ಆಫ್‌ಸೈಡ್ ಯಾಕಾಯಿತೆಂದು ಕೇಳಿದರೆ ಕಣ್ಣು ಕಣ್ಣು ಬಿಡುತ್ತಿದ್ದ. ನನಗೆ ಸ್ಟುಡಿಯೋದ ಗಾಜಿನ ಹಿಂದೆ ಜಾಗ. ನೇರ ಪ್ರಸಾರ ನಡೆಯುವಾಗ ಅವನ ಕಿವಿಯ ಇಯರ್‌ಫೋನಿಗೆ ನಾನು ಅರ್ಧ ವಾಕ್ಯ ಹೇಳಿ ನಿಲ್ಲಿಸಬೇಕು. ಅವನು ಅದನ್ನು ಕ್ಯಾಮೆರಾಗೆ ಒಪ್ಪಿಸಿದ ಮೇಲೆ ಉಳಿದರ್ಧ. ಗಿಣಿಪಾಠ. ಜನ ಅವನ ಆಳವಾದ ತಿಳುವಳಿಕೆಯನ್ನು ಹೊಗಳಿದರು. ಯಾರದೋ ದುಡ್ಡು, ಎಲ್ಲಮ್ಮನ ಜಾತ್ರೆ.

ವರ್ಷಗಳು ಹೀಗೇ ಹೋದವು. ಒಂದು ದಿನ ಅವನ ಗಂಟಲು ಕಟ್ಟಿತು. ಬೇರೆ ದಾರಿಯಿಲ್ಲದೆ ನಿರ್ಮಾಪಕಿ ನನ್ನನ್ನು ಕುರ್ಚಿಗೆ ಕೂರಿಸಿದಳು. ಚೆನ್ನಾಗಿ ಮಾಡಿದರೆ ವಾರಕ್ಕೊಂದು ಕಾರ್ಯಕ್ರಮ ನಿನ್ನದೇ ಎಂದಳು. ಗಂಡನಿಗೆ ಫೋನ್ ಮಾಡಿದೆ.

"ಈ ಆರ್ವೋ ಬೇಗ ಮನೆಗೆ ಬಂದ್ಬಿಡ್ತೀನಿ, ಮಗಳ ಜೊತೆ ಕೂತು ನೋಡ್ತೀನಿ," ಎಂದರು, ಮಧ್ಯಾಹ್ನಕ್ಕೆ ಇಲ್ಲಿನವರ ಹಾಗೆ ಆರ್ವೋ ಎನ್ನುತ್ತಾ. "ನಿಂಗಿಂತ ಚೆನ್ನಾಗಿ ಯಾರಿಗ್ ಗೊತ್ತು? ಧೈರ್ಯವಾಗಿ ಮಾತಾಡು."

ಗೊತ್ತೇನೋ ಎಲ್ಲವೂ ಇತ್ತು. ಕೆಂಪು ದೀಪ ಹತ್ತಿತು. ಮೊದಲ ಅರ್ಧ ವಾಕ್ಯ ಹೇಳಿ ಸುಮ್ಮನಾದೆ. ಯಾರೋ ಅದನ್ನು ಜೋರಾಗಿ ಹೇಳಲಿ ಎಂದು ಕಾಯುತ್ತಿದ್ದೆ. ಯಾರೂ ಹೇಳಲಿಲ್ಲ. ಎಚ್ಚೆತ್ತು ಉಳಿದರ್ಧ ಹೇಳಿದೆ, ಮತ್ತೆ ನಿಂತೆ. ಎಷ್ಟು ಒದ್ದಾಡಿದರೂ ನಾಲಿಗೆ ಮಾತು ಕೇಳಲಿಲ್ಲ. ಹಲ್ಲಿದ್ದಾಗ ಕಡಲೆ ಇಲ್ಲ, ಕಡಲೆ ಇದ್ದಾಗ ಹಲ್ಲಿಲ್ಲ ಎನ್ನುತ್ತಾರೆ. ನನ್ನ ಹಲ್ಲು ತಾನಾಗಿ ಉದುರಿದ್ದಲ್ಲ, ಈ ಚಾನೆಲ್‌ನವರೇ ಕಿತ್ತಿದ್ದರು.

"ಹೂ ವರ್ ಯು ವೇಟಿಂಗ್ ಫಾರ್, ಮಮ್?" ಎಂದು ಮನೆಗೆ ಬಂದ ಮೇಲೆ ಮಗಳು ಕೇಳಿದಳು. ಗಂಡ ಅವಳನ್ನು ಸುಮ್ಮನಿರಿಸಿದರು.

ಕೆಲವರಿಗೆ ಗಾಜಿನ ಹಿಂದಿನ ಕೆಲಸವೇ ಒಗ್ಗುತ್ತದೆ ಎಂದಳು ನಿರ್ಮಾಪಕಿ ಮರುದಿನ. ಆ ಮಾತಿನ ಉರಿ ಇನ್ನೂ ಆರಿಲ್ಲ.

ಮುಂದಿನ ವಾರ ಅವನು ಮರಳಿ ಬಂದ. ಪ್ರಸಾರಕ್ಕೆ ಮುಂಚೆ, ನಿನ್ನ ಬಗ್ಗೆಯೂ ಒಂದು ಮಾತು ಹೇಳಬೇಕಲ್ಲ, ಏನು ಹೇಳಲಿ ಎಂದು ನನ್ನನ್ನೇ ಕೇಳಿದ. ದೀಪ ಹತ್ತಿತು.

"ಕಳೆದ ವಾರ ನನ್ನ ಜಾಗದಲ್ಲಿ ಕೂತ ಗೆಳತಿಗೆ," ಎಂದು ಹೇಳಿಕೊಟ್ಟೆ. ಅವನು ನಗುನಗುತ್ತಾ ಹೇಳಿದ.

"ಧನ್ಯವಾದ," ಎಂದೆ. ಅದನ್ನೂ ಹೇಳಿದ.