ಬಯಾಲಜಿ ಸರ್ ಉತ್ತರಿಸದ ಪ್ರಶ್ನೆ

ನಮ್ಮ ಬಯಾಲಜಿ ಸರ್ ಅವರ ಎಡಗಿವಿ ಮಧ್ಯಾಹ್ನದ ಹೊತ್ತಿಗೆ ಸೀಮೆಸುಣ್ಣದಿಂದ ಬೆಳ್ಳಗಾಗಿರುತ್ತಿತ್ತು. ಪಾಠ ಮಾಡುವಾಗ ಆ ಕಿವಿಯ ಹಾಲೆಯನ್ನು ಹಿಡಿದು ಎಳೆಯುವುದು ಅವರ ಅಭ್ಯಾಸ. ಹಾಲೆ ಕೆನ್ನೆಗೇ ಅಂಟಿಕೊಂಡಿತ್ತು, ಎಳೆದರೆ ಬರುವಂಥದ್ದಲ್ಲ. "ಇದು ಅಪ್ಪ ಅಮ್ಮ ಕೊಟ್ಟಿದ್ದು ಕಣ್ರೋ, ವಾಪಸ್ ತಗೊಳ್ಳಲ್ಲ ಅಂತಾರೆ" ಎನ್ನುತ್ತಿದ್ದರು.

ಭದ್ರಾವತಿಯ ನಮ್ಮ ಪಿಯುಸಿ ತರಗತಿಯಲ್ಲಿ ಕಾರ್ಖಾನೆ ಕ್ವಾರ್ಟರ್ಸಿನ ತಮಿಳು, ತೆಲುಗು ಮನೆಮಾತಿನವರಿದ್ದರು, ಅರ್ಚಕರ ಮಗನಿದ್ದ, ಗಾರೆ ಕೆಲಸದವರ ಮಗಳಿದ್ದಳು. ಓಲ್ಡ್ ಟೌನಿನಲ್ಲಿ ದಿನಸಿ ಅಂಗಡಿ ಇಟ್ಟಿದ್ದವರ ಮಗಳು ನಾನು. ಒಂದು ದಿನ ಸರ್ ಅಂಟಿದ ಕಿವಿಯವರನ್ನೆಲ್ಲ ಕಿಟಕಿಯ ಕಡೆಗೆ, ಜೋತುಬಿದ್ದ ಕಿವಿಯವರನ್ನು ಗೋಡೆಯ ಕಡೆಗೆ ನಿಲ್ಲಿಸಿದರು. ಅರ್ಚಕರ ಮಗನೂ ಗಾರೆಯವರ ಮಗಳೂ ಒಂದೇ ಕಡೆ. "ಈಗ ಹೇಳಿ, ಯಾವ ಜಾತಿ ಯಾವ ಕಡೆ ಹೋಯ್ತು?" ಎಂದರು. ನಾವೆಲ್ಲ ಆಫ್ರಿಕಾದಿಂದ ನಡೆದು ಬಂದವರ ಮಕ್ಕಳು, ಎರಡು ಜಾತಿಗಳ ನಡುವೆ ಇರುವುದಕ್ಕಿಂತ ಹೆಚ್ಚು ವ್ಯತ್ಯಾಸ ಒಂದೇ ಜಾತಿಯ ಇಬ್ಬರ ನಡುವೆ ಇರುತ್ತದೆ ಎಂದು ಆ ದಿನ ಕಲಿಸಿದರು. ಮನೆಗೆ ಹೋಗಿ ಹೇಳಿದರೆ ಅಜ್ಜಿ ರಾತ್ರಿ ಊಟ ಬಿಟ್ಟಳು.

ಸರ್ ಹೇಳಿದ್ದನ್ನು ಬದುಕುವ ಮನುಷ್ಯ. ಎಲ್ಲಿಯೂ ಜಾತಿ ಬರೆಸಲಿಲ್ಲ, ಜನಾಂಗದ ಮದುವೆಗಳಿಗೆ ಹೋಗಲಿಲ್ಲ. ಹುಟ್ಟಿನಿಂದ ಅವರೂ ನಮ್ಮ ಜನವೇ, ವ್ಯಾಪಾರದ ಮನೆತನ. ಓಲ್ಡ್ ಟೌನಿನಲ್ಲಿ ಅದನ್ನು ಮುಚ್ಚಿಡಲು ಯಾರಿಂದ ಸಾಧ್ಯ? ಆದರೆ ಅವರ ಬಾಯಿಂದ ನಾನು ಒಮ್ಮೆಯೂ ಕೇಳಿದವಳಲ್ಲ.

ನಿವೃತ್ತಿಯ ನಂತರ ಶಿವಮೊಗ್ಗದ ರವೀಂದ್ರನಗರದಲ್ಲಿ ಮನೆ ಮಾಡಿದರು. ನಾನೂ ಅಷ್ಟರಲ್ಲಿ ಕೆಲಸ ಸಿಕ್ಕಿ ಶಿವಮೊಗ್ಗಕ್ಕೆ ಬಂದಿದ್ದೆ. ಪಿತ್ತಕೋಶದ ಕಲ್ಲು ತೆಗೆಸಲು ಅವರು ಆಸ್ಪತ್ರೆ ಸೇರಿದಾಗ ಜೊತೆಗಿದ್ದವರು ಅವರ ಹೆಂಡತಿ ಮತ್ತು ನಾನು. ಅರಿವಳಿಕೆ ಕೊಡುವ ಡಾಕ್ಟರ್, ಚಿಕ್ಕ ವಯಸ್ಸಿನ ಹೆಣ್ಣುಮಗಳು, ಹಿಂದಿನ ದಿನ ಸಂಜೆ ಬಂದು ಬಿಪಿ, ಶುಗರ್ ಎಲ್ಲ ವಿಚಾರಿಸಿ ಕೊನೆಗೆ ಕೇಳಿದಳು:

"ತಪ್ಪು ತಿಳ್ಕೋಬೇಡಿ ಸರ್, ನೀವು ಯಾವ ಜನ?"

ಸರ್ ಮುಖ ಕೆಂಪಾಯಿತು. "ಮನುಷ್ಯರ ಜನ ಕಣಮ್ಮ. ಅದು ಸಾಲಲ್ಲ ಅಂದ್ರೆ ಆಫ್ರಿಕಾದವರು ಅಂತ ಬರ್ಕೋ."

"ಕಾರಣ ಇದೆ ಸರ್..."

"ಕಾರಣ ಯಾವಾಗ್ಲೂ ಇರುತ್ತೆ. ಆಸ್ಪತ್ರೇಲೂ ಶುರುವಾಯ್ತಾ ಇದು?"

ಅವಳನ್ನು ಯಾರೋ ಕೂಗಿದರು, ಹೋದಳು. ನಾನು ಒಳಗೊಳಗೇ ಚಪ್ಪಾಳೆ ತಟ್ಟಿದೆ. ನಮ್ಮ ಸರ್ ಅಂದರೆ ಹೀಗೆ.

ಮರುದಿನ ಆಪರೇಷನ್ ಸುಸೂತ್ರವಾಗಿ ಮುಗಿಯಿತು ಎಂದರು. ಆದರೆ ಸರ್ ಹೊರಗೆ ಬರಲಿಲ್ಲ. ಕಾದೆವು. ಆ ಡಾಕ್ಟರ್ ಮಾಸ್ಕ್ ಕೂಡ ತೆಗೆಯದೆ ಬಾಗಿಲಿಗೆ ಬಂದಳು. "ಉಸಿರು ತಗೋತಾ ಇಲ್ಲ. ಮೆಷಿನ್ ಮೇಲೆ ಇಟ್ಟಿದೀವಿ. ಅಮ್ಮ, ದಯವಿಟ್ಟು ಈಗಲಾದ್ರೂ ಹೇಳಿ, ಯಾವ ಜನ?"

ಅವರ ಹೆಂಡತಿ ನನ್ನ ಮುಖ ನೋಡಿದರು. ಜೀವಮಾನವೆಲ್ಲ ಗಂಡನ ಪಟ್ಟು ಕಾಯ್ದ ಹೆಂಗಸು, ಆ ಗಳಿಗೆಯಲ್ಲೂ ಮಾತು ಹೊರಡಲಿಲ್ಲ. ನಾನೇ ಹೇಳಿದೆ. ಡಾಕ್ಟರ್ ಕಣ್ಣು ಮುಚ್ಚಿ ತೆರೆದಳು. "ಉಸಿರು ಬರದಿದ್ದಾಗ್ಲೇ ಅಂದ್ಕೊಂಡೆ" ಎಂದಳು. ಜಾತಿಗೂ ಉಸಿರಿಗೂ ಏನು ಸಂಬಂಧ? ನಾನು ಕಲಿತ ಪಾಠದಲ್ಲಿ ಇದು ಇರಲಿಲ್ಲ.

ಅವಳು ಹೇಳಿದ್ದು ಇಷ್ಟು. ಗಂಟಲಿಗೆ ಕೊಳವೆ ಇಳಿಸುವ ಮೊದಲು ಮೈಯ ಸ್ನಾಯುಗಳನ್ನು ಸಡಿಲಗೊಳಿಸುವ ಒಂದು ಔಷಧಿ ಕೊಡುತ್ತಾರೆ. ಅದು ಕೆಲವೇ ನಿಮಿಷಗಳಲ್ಲಿ ತಾನಾಗಿ ಕರಗಬೇಕು. ಕರಗಿಸುವ ಸತ್ವ ಕೆಲವರ ರಕ್ತದಲ್ಲಿ ಹುಟ್ಟಿನಿಂದಲೇ ಇರುವುದಿಲ್ಲ. ಬೇರೆಲ್ಲ ಕಡೆ ಇದು ಬಹಳ ಅಪರೂಪ, ನಮ್ಮ ಜನದಲ್ಲಿ ಅಷ್ಟು ಅಪರೂಪವಲ್ಲ. ಔಷಧಿ ಇಳಿಯುವವರೆಗೆ ಮೆಷಿನ್ ಉಸಿರಾಡಿಸುತ್ತಿದ್ದರೆ ಜೀವಕ್ಕೆ ಅಪಾಯವಿಲ್ಲ. ಸಂಜೆಯ ಹೊತ್ತಿಗೆ ಸರ್ ಬೆರಳು ಅಲ್ಲಾಡಿಸಿದರು.

ಮನೆಗೆ ಬಂದ ಮೇಲೆ ಸರ್ ಹೇಳಿದರು, "ನಂಗೆ ಮಧ್ಯದಲ್ಲಿ ಎಚ್ಚರ ಆಗಿತ್ತು ಮಾರಾಯ್ತಿ. ಎಲ್ಲಾ ಕೇಳಿಸ್ತಿತ್ತು. 'ಇವರು ಯಾವ ಜನ ಅಂತ ಮೊದ್ಲೇ ಹೇಳಿದ್ದಿದ್ರೆ ಆ ಔಷಧೀನೇ ಕೊಡ್ತಿರ್ಲಿಲ್ಲ' ಅಂತ ಆ ಹುಡುಗಿ ಅಳ್ತಿದ್ಲು. ಹೇಳ್ತೀನಿ ತಾಳಮ್ಮ ಅಂತ ಕೂಗ್ಬೇಕು ಅನ್ನಿಸ್ತು. ರೆಪ್ಪೆ ಎತ್ತಕ್ಕೂ ಆಗ್ಲಿಲ್ಲ."

ನನಗೆ ಸಿಟ್ಟೇ ಬಂತು. "ಹಾಗಾದ್ರೆ ನಮಗೆ ಕಲಿಸಿದ್ದೆಲ್ಲ ಸುಳ್ಳಾ ಸರ್?"

ಅವರು ಎಡಗಿವಿಯ ಹಾಲೆ ಹಿಡಿದು ಎಳೆದರು. "ಸುಳ್ಳಲ್ಲ. ಅರ್ಧ ಕಲಿಸಿದ್ದೆ. ಈ ದೇಶದಲ್ಲಿ ಒಂದು ಕಾಲಕ್ಕೆ ಎಲ್ರೂ ಎಲ್ರ ಜೊತೆ ಬೆರೆತಿದ್ರು ಅಂತ ಜೀನು ನೋಡೋರು ಹೇಳ್ತಾರೆ. ಆಮೇಲೆ ಒಬ್ಬೊಬ್ರೂ ಬಾಗ್ಲು ಹಾಕ್ಕೊಂಡ್ವಿ. ನಾವಂತೂ ಸೋದರಮಾವನ ಮನೆ ಬಿಟ್ಟು ಹೆಣ್ಣು ತರ್ಲಿಲ್ಲ. ಒಂದೇ ಮನೆ ಹೆಪ್ಪಲ್ಲಿ ಊರೆಲ್ಲ ಮೊಸರು ಮಾಡಿದ್ರೆ ಏನಾಗುತ್ತೆ? ಆ ಹೆಪ್ಪಿನ ಹುಳಿ ಊರಿಗೆಲ್ಲ. ನಮಗೆ ಈ ಹುಳಿ, ಇನ್ನೊಬ್ರಿಗೆ ಇನ್ನೊಂದು. ಇದ್ರಲ್ಲಿ ಮೇಲು ಯಾವ್ದು, ಕೀಳು ಯಾವ್ದು?"

ಅದಾದ ಮೇಲೆ ಅವರು ಮಾಡಿದ್ದು ಕಂಡು ಊರೇ ಬೆಚ್ಚಿತು. ಜನಾಂಗದ ಮದುವೆಗೆ ಕಾಲಿಡದ ಮನುಷ್ಯ ಕರೆಯದ ಮದುವೆಗಳಿಗೂ ಹೋಗತೊಡಗಿದರು. ಛತ್ರದಲ್ಲಿ ಊಟ ಮುಗಿಸಿ ಕೈ ತೊಳೆಯಲು ಬರುವವರನ್ನು ತಡೆದು, "ಆಪರೇಷನ್‌ಗೆ ಹೋದ್ರೆ ಯಾವ ಜನ ಅಂತ ಮೊದ್ಲೇ ಹೇಳಿ. ಮಗಳನ್ನ ಸೋದರಿಕೇಲಿ ಕೊಡಬೇಡಿ" ಎನ್ನುತ್ತಿದ್ದರು. ಸೋದರಿಕೆಯ ಮದುವೆಯಲ್ಲೇ ನಿಂತು ಈ ಮಾತು. "ಶುಭಕಾರ್ಯದಲ್ಲಿ ಆಪರೇಷನ್ ಸುದ್ದಿ ಯಾಕ್ರೀ ಮೇಷ್ಟ್ರೇ" ಎಂದು ನನ್ನ ಅಪ್ಪನೇ ಒಮ್ಮೆ ರೇಗಿದ್ದರು. ಸರ್ ಬೇಸರ ಮಾಡಿಕೊಳ್ಳಲಿಲ್ಲ. ಮುಂದಿನ ಮದುವೆಗೂ ಬಂದರು.

ನಾನು ಭದ್ರಾವತಿ ಕಾರ್ಖಾನೆಯ ತಮಿಳು ಮನೆತನದ ಹುಡುಗನನ್ನು ಮದುವೆಯಾದೆ. ನಮ್ಮ ಕಡೆಯಿಂದ ಅಕ್ಷತೆ ಹಾಕಲು ಬಂದವರು ಸರ್ ದಂಪತಿ ಮಾತ್ರ. ಮರುವರ್ಷ ಸರ್ ಹೃದಯಾಘಾತದಿಂದ ತೀರಿಕೊಂಡರು.

ಅದರ ಮುಂದಿನ ವರ್ಷ ನನ್ನ ಹೆರಿಗೆ. ಮಗುವಿನ ಎದೆಬಡಿತ ಇಳಿಯುತ್ತಿದೆ, ಬೆನ್ನಿಗೆ ಸೂಜಿ ಹಾಕುವಷ್ಟು ಪುರಸೊತ್ತಿಲ್ಲ, ಪೂರ್ತಿ ಅರಿವಳಿಕೆ ಕೊಡಬೇಕು ಎಂದು ಸ್ಟ್ರೆಚರ್ ತಳ್ಳಿಕೊಂಡು ಓಡಿದರು. ಬಾಗಿಲಲ್ಲಿ ಒಬ್ಬ ಡಾಕ್ಟರ್ ಕೇಳಿದರು, "ಯಾವ ಜನ ಇವರು?" ನನ್ನ ಅತ್ತೆ ಮುಂದೆ ಬಂದು, ನನ್ನ ತಲೆ ಸವರಿ, "ನಮ್ಮ ಜನಾನೇ ಡಾಕ್ಟ್ರೇ" ಎಂದು ತಮ್ಮ ಜಾತಿ ಹೇಳಿದರು. ಮದುವೆಯಾಗಿ ಬಂದವಳು ಗಂಡನ ಮನೆಯ ಜನವೇ ಎಂಬುದು ಅವರಿಗೆ ಸಂಪ್ರದಾಯ. ಆ ಮಾತಿಗಾಗಿ ನಾನು ಮದುವೆಯ ದಿನದಿಂದ ಕಾದಿದ್ದೆ. ಅದು ಬಂದದ್ದು ಆ ಗಳಿಗೆಯಲ್ಲಿ.

ನೋವಿನ ನಡುವೆಯೇ ತಲೆ ಎತ್ತಿ, "ಅಲ್ಲ ಡಾಕ್ಟ್ರೇ, ನಾನು ಇವರ ಜನ ಅಲ್ಲ" ಎಂದೆ. ಹುಟ್ಟಿದ ಮನೆಯ ಜಾತಿ ಹೇಳಿದೆ. ಅತ್ತೆಯ ಮುಖ ಸಣ್ಣದಾಯಿತು. ಡಾಕ್ಟರ್ ಒಳಗೆ ತಿರುಗಿ, "ಅದು ಬೇಡ, ಬೇರೆ ಔಷಧಿ ತೆಗೀರಿ" ಎಂದರು.

ಮಗಳು ಹುಟ್ಟಿದಳು. ನನ್ನ ರಕ್ತವನ್ನು ಪರೀಕ್ಷೆಗೆ ಕಳಿಸಿದ್ದರು. ನನ್ನಲ್ಲೂ ಆ ಸತ್ವ ಇಲ್ಲವೇ ಇಲ್ಲ. ಸರ್ ವಿಷಯ ಹೇಳಿದಾಗ ಡಾಕ್ಟರ್, "ಅವರು ನಿಮಗೆ ಏನಾಗ್ಬೇಕು?" ಎಂದರು. ಏನೂ ಆಗಬೇಕಿಲ್ಲ, ಪಾಠ ಹೇಳಿದವರು ಎಂದೆ. "ಇಬ್ಬರಿಗೂ ಇದು ಒಬ್ಬರೇ ಹಿರಿಯರಿಂದ ಬಂದಿರುತ್ತೆ. ಸಂಬಂಧ ಇಲ್ದೆ ಬರಲ್ಲ" ಎಂದರು.

ಸರ್ ತೀರಿಕೊಂಡ ದಿನ ಅವರ ಮನೆಯ ಅಂಗಳದಲ್ಲಿ, ಬಾಯಿಗೆ ಅಕ್ಕಿ ಹಾಕುವ ಸಂಬಂಧಿಕರು ಮುಂದೆ ಬನ್ನಿ ಎಂದು ಯಾರೋ ಕರೆದರು. ಕರೆದದ್ದು ನನ್ನನ್ನಲ್ಲ ಎಂದು ನಾನು ಕಾಂಪೌಂಡ್ ಗೋಡೆಗೆ ಒರಗಿ ನಿಂತವಳು ಅಲ್ಲೇ ನಿಂತಿದ್ದೆ.