ಆಫ್ರಾ ಖಾಲಿ ಬಿಟ್ಟ ಬೋರ್ಡ್

ಪುತ್ತೂರು ಕಡೆಯ ಸವಣೂರು ಪೇಟೆಯಲ್ಲಿ ಇನ್ನೂ ಅಂಗಡಿಗಳ ಬಾಗಿಲು ತೆರೆದಿರಲಿಲ್ಲ. ಊಟದ ಮೇಜಿನ ಮೇಲೆ ಹಳೆಯ ಕಂಪ್ಯೂಟರ್ ಇಟ್ಟುಕೊಂಡು ಆಫ್ರಾ ಬಸ್ಸೊಂದರ ಹಣೆಗೆ ಊರಿನ ಹೆಸರು ಬರೆಯುತ್ತಿದ್ದರು: ‘ಇಚಿಲಂಪಾಡಿ’. ಕೆಳಗೆ ಸಣ್ಣದಾಗಿ ‘ಸವಣೂರು, ಕಡಬ’. ಬಸ್ಸಿದ್ದದ್ದು ಪರದೆಯೊಳಗಿನ ಆಟದಲ್ಲಿ.

ಹಗಲು ಸ್ಟಿಕ್ಕರ್ ಅಂಗಡಿಯಲ್ಲಿ ನಿಜವಾದ ಬಸ್ಸುಗಳಿಗೆ ಅಕ್ಷರ ಕತ್ತರಿಸುವ ಆಫ್ರಾ, ಬೆಳಗ್ಗೆ ಬಸ್ ಓಡಿಸುವ ಕಂಪ್ಯೂಟರ್ ಆಟಗಳಿಗೆ ನಮ್ಮ ಕಡೆಯ ರೂಟ್ ಕೂರಿಸುತ್ತಾರೆ. ಯಾವ ಸ್ಟಾಪ್ ಎಲ್ಲಿ, ಎಷ್ಟು ಹೊತ್ತಿಗೆ ತಲುಪಬೇಕು, ಕೊನೆಯ ಸ್ಟಾಪಿನಲ್ಲಿ ವಾಪಸು ಹೊರಡಲು ಬೋರ್ಡ್ ‘ಪುತ್ತೂರು’ ಎಂದು ಬದಲಾಗಬೇಕು, ಎಲ್ಲವನ್ನೂ ತುಂಬಬೇಕು. ಸುಳ್ಯದವರೂ ಆಡುತ್ತಾರೆ, ಗಲ್ಫಿನಲ್ಲಿರುವವರೂ ಆಡುತ್ತಾರೆ. ಮಾಡಿದವರ ಹೆಸರು ಎಲ್ಲೂ ಇಲ್ಲ. “ನನ್ನ ಹೆಸರು ಹಾಕಿದ್ರೆ ಬಸ್ ಓಡುದಿಲ್ಲ ಮಾರಾಯ್ರೆ, ಊರಿನ ಹೆಸರು ಹಾಕ್ಬೇಕು” ಎಂದು ನಗುತ್ತಾರೆ.

ಈ ರೂಟ್ ಮಾತ್ರ ಅಣ್ಣ ರಿಯಾಝ್‌ಗಾಗಿ. ಗಲ್ಫಿನಲ್ಲಿ ವರ್ಷಗಟ್ಟಲೆ ಕಂಪನಿ ಬಸ್ ಓಡಿಸಿ ಮರಳಿದ ರಿಯಾಝ್‌ರನ್ನು ಹಿಂದೆ ಓಡಿಸುತ್ತಿದ್ದ ಇದೇ ಲೈನಿಗೆ ತೆಗೆದುಕೊಳ್ಳಬೇಕಾದರೆ ಸೋಮವಾರ ಒಂದು ಟ್ರಿಪ್ ಓಡಿಸಿ ತೋರಿಸಬೇಕೆಂದು ಬಸ್ಸಿನ ಮಾಲಕ ಕುಶಾಲಪ್ಪ ಹೇಳಿದ್ದರು. ರಿಯಾಝ್‌ಗೆ ಒಳಗೊಳಗೇ ಅಳುಕು. ಹಾಗಾಗಿ ಮೊದಲು ತಂಗಿಯ ಪರದೆಯ ಮೇಲೆ ಓಡಿಸಿದರು.

ಶನಿವಾರ ಪೂರ್ತಿ ಅಂಕ ಬಂತು. ಆಫ್ರಾ ಮಾತ್ರ ನಗಲಿಲ್ಲ.

“ಕಾಕ” ಎಂದು ಅಣ್ಣನನ್ನು ಕರೆದು ಕೇಳಿದರು, “ಇಚಿಲಂಪಾಡಿಯ ಮೊದ್ಲು ಆ ಗುಡ್ಡೆ ಹತ್ರ ಯಾಕೆ ನಿಲ್ಲಿಸ್ಲಿಲ್ಲ?”

“ಅಲ್ಲಿ ಎಂತ ಸ್ಟಾಪ್ ಉಂಟು? ನಿನ್ನ ಆಟವೇ ಹೇಳುದಿಲ್ಲ.”

“ಹಿಂದೆ ಆಟ ಹೇಳಿ ನಿಲ್ಲಿಸ್ತಿದ್ದದ್ದಾ ನೀನು?”

ಬಸ್ಸಿನ ಹಾರ್ನ್ ಕೇಳಿದ ಮೇಲೆಯೇ ಗುಡ್ಡೆಯ ಮನೆಗಳವರು ಕೊಡೆ ಎತ್ತಿ ತೋರಿಸುತ್ತಾ ಇಳಿಯುವುದು, ಡ್ರೈವರ್ ಕಾಯುವುದು ಅಲ್ಲಿನ ರೂಢಿ. ಗಲ್ಫಿನಲ್ಲಿ ಸ್ಟಾಪಿನ ಗುರುತಿದ್ದಲ್ಲಷ್ಟೇ ನಿಲ್ಲಿಸಿ ಅಭ್ಯಾಸವಾಗಿದ್ದ ರಿಯಾಝ್‌ಗೆ ಅದು ಮರೆತೇ ಹೋಗಿತ್ತು. ಹೆಸರಿರುವ ಸ್ಟಾಪುಗಳನ್ನಷ್ಟೇ ತುಂಬಿದ್ದು ತನ್ನ ತಪ್ಪೆಂದು ಆಫ್ರಾ ಆ ಜಾಗವನ್ನೂ ಸೇರಿಸಿದರು. ಆದರೆ ಹೆಸರಿಲ್ಲದ ಸ್ಟಾಪನ್ನು ಆಟ ಒಪ್ಪಲಿಲ್ಲ. ಊರವರೇ ಇಡದ ಹೆಸರನ್ನು ತಾನು ಹೇಗೆ ಇಡುವುದೆಂದು, ಅಕ್ಷರದ ಬದಲು ಖಾಲಿ ಜಾಗ ಒತ್ತಿದರು. ಈಗ ಗುಡ್ಡೆ ಹತ್ತಿರವಾದಾಗ, ಮುಂದಿನ ಸ್ಟಾಪ್ ತೋರಿಸುವ ಒಳಗಿನ ಬೋರ್ಡ್ ಕಪ್ಪಾಗುತ್ತದೆ. ಕಪ್ಪಾದರೆ ನಿಲ್ಲಿಸಿ ಕಾಯಬೇಕು. ಭಾನುವಾರವಿಡೀ ರಿಯಾಝ್ ಹಾಗೆಯೇ ಓಡಿಸಿದರು.

ಸೋಮವಾರ ಆ ಗುಡ್ಡೆಯ ಬುಡದಲ್ಲಿ ಹಾರ್ನ್ ಹೊಡೆದು ಬಸ್ ನಿಲ್ಲಿಸಿದರು. ಯಾರೂ ಕಾಣಲಿಲ್ಲ. ಮುಂದಿನ ಸೀಟಿನಲ್ಲಿದ್ದ ಕುಶಾಲಪ್ಪ ವಾಚು ನೋಡಿಕೊಂಡರು. ಸ್ವಲ್ಪ ಹೊತ್ತಿಗೆ ಒಂದು ಕೊಡೆ ಇಳಿದು ಬಂತು.

ಸಂಜೆ ಕುಶಾಲಪ್ಪ ಸ್ಟಿಕ್ಕರ್ ಅಂಗಡಿಗೆ ಬಂದು, ಬೋರ್ಡಿನ ಅಕ್ಷರ ಮಾಸಿದೆ, ನಿನ್ನ ಅಣ್ಣನ ಬಸ್ಸಿಗೆ ಹೊಸದು ಮಾಡಿಕೊಡು ಎಂದರು.

ಆಫ್ರಾ ಈಗ ಅದನ್ನೇ ಕತ್ತರಿಸುತ್ತಿದ್ದಾರೆ. ಒಂದು ರಜೆಯ ದಿನ ಆ ಬಸ್ಸಿನಲ್ಲಿ ಕೂತು ಆ ಗುಡ್ಡೆಯವರೆಗೆ ಹೋಗಬೇಕೆಂಬ ಆಸೆ ಅವರಿಗೆ.

“ಕಂಡಕ್ಟರ್ ‘ಎಲ್ಲಿಗೆ?’ ಕೇಳಿದ್ರೆ ಹೇಳ್ಲಿಕ್ಕೆ ಹೆಸರಿಲ್ಲ. ‘ಡ್ರೈವರ್‌ಗೆ ಗೊತ್ತುಂಟು’ ಅಂತ ಹೇಳ್ತೇನೆ.”